ಬಿ. ವಿಠಲಾಚಾರ್ಯ : ಅಗ್ಗದ ಚಿತ್ರಪಟಗಳ ಅಸಲು ಬೆಲೆ

ಕನ್ನಡದಲ್ಲಿ ಚಿತ್ರಪಟದ ವಿಮರ್ಶೆ ಬೆಳೆದಷ್ಟು ಮಟ್ಟಿಗೆ ಕೆಲವೇ ಹೆಸರುಗಳ ಸುತ್ತ ಬೆಳೆದಿದೆ. ಪುಟ್ಟಣ್ಣ ಕಣಗಾಲರ ಬಗ್ಗೆ ಪುಸ್ತಕಗಳಿವೆ. 1970ರಲ್ಲಿ ಬಂದ 'ಸಂಸ್ಕಾರ'ದಿಂದ ಮೊದಲಾದ ಹೊಸ ಅಲೆಯ ಬಗ್ಗೆ ವಿಚಾರ ಸಂಕಿರಣಗಳು ನಡೆದಿವೆ. ಗಿರೀಶ ಕಾಸರವಳ್ಳಿಯವರ ಒಂದೊಂದು ಚಿತ್ರವೂ ಚರ್ಚೆಗೆ ವಸ್ತುವಾಗಿದೆ. ಇದೆಲ್ಲ ಆಗತಕ್ಕದ್ದೇ ಆಗಿತ್ತು. ಆದರೆ ಜಾತ್ರೆಯ ಬಯಲಿನಲ್ಲಿ ಹೊಡೆದ ಡೇರೆಯೊಳಗೆ, ದಿನದ ಕೂಲಿಯಿಂದ ಉಳಿಸಿದ ನಾಲ್ಕಾಣೆ ಕೊಟ್ಟು ನೆಲದ ಮೇಲೆ ಕುಳಿತ ಜನಕ್ಕೆ ಚಿತ್ರಪಟವೆಂದರೇನೆಂದು ಮೊದಲು ಕಲಿಸಿದವರು ಯಾರು ಎಂಬ ಪ್ರಶ್ನೆಯನ್ನು ನಮ್ಮ ವಿಮರ್ಶಕರು ಕೇಳಿದ್ದು ಕಡಿಮೆ. ಆ ಪ್ರಶ್ನೆಗೆ ಉತ್ತರವಾಗಿ ಹೇಳಬಹುದಾದ ಹೆಸರುಗಳಲ್ಲಿ ಬಿ. ವಿಠಲಾಚಾರ್ಯರದು ಮೊದಲನೆಯ ಸಾಲಿನದು. ತೆಲುಗರು ಅವರನ್ನು 'ಜಾನಪದ ಬ್ರಹ್ಮ'ನೆಂದು ಕರೆದು ಆದರಿಸಿದರು. ಅವರು ಹುಟ್ಟಿದ ನಾಡಿನಲ್ಲಿ, ಅವರು ಚಿತ್ರ ತೆಗೆಯಲು ಕಲಿತ ಭಾಷೆಯಲ್ಲಿ, ಅವರ ಹೆಸರು ಹೇಳಿದರೆ ಸುಶಿಕ್ಷಿತರು ಮುಗುಳ್ನಗುತ್ತಾರೆ. ಆ ನಗೆ ನ್ಯಾಯವಾದದ್ದೇ ಎಂಬುದನ್ನು ಪರೀಕ್ಷಿಸುವದು ಈ ಲೇಖನದ ಉದ್ದೇಶ.

ವಿಠಲಾಚಾರ್ಯರು 1920ರಲ್ಲಿ ಉಡುಪಿಯ ಬಳಿಯ ಉದ್ಯಾವರದಲ್ಲಿ ಹುಟ್ಟಿದರು. ಶಾಲೆಯ ವಿದ್ಯೆ ಕೆಳಗಿನ ತರಗತಿಗಳಲ್ಲಿಯೇ ನಿಂತಿತು. ಎಳೆಯ ವಯಸ್ಸಿನಲ್ಲಿ ಮನೆ ಬಿಟ್ಟು ಹೊರಟ ಹುಡುಗ ಕಂಡ ಕಂಡ ಕೆಲಸ ಮಾಡಿ, ಕೊನೆಗೆ ಅರಸೀಕೆರೆಗೆ ಬಂದು ಹೊಟೇಲು ನಡೆಸಿದನು. 1942ರ 'ಚಲೇಜಾವ' ಚಳವಳಿಯಲ್ಲಿ ಸೇರಿ ಸೆರೆಮನೆಯನ್ನೂ ಕಂಡನು. ಡಿ. ಶಂಕರಸಿಂಗರ ಸ್ನೇಹದೊಡನೆ ಟೂರಿಂಗ್ ಟಾಕೀಜಿನ ವ್ಯವಹಾರಕ್ಕಿಳಿದು, ಹಾಸನದ ಸುತ್ತಿನ ಊರುಗಳಲ್ಲಿ ಡೇರೆ ಹಾಕಿ ಚಿತ್ರ ತೋರಿಸಿದನು. ಮುಂದೆ ಈ ಗೆಳೆಯರು ಮೈಸೂರಿನಲ್ಲಿ ಮಹಾತ್ಮ ಪಿಕ್ಚರ್ಸ್ ಸಂಸ್ಥೆಯ ಮೂಲಕ ಚಿತ್ರನಿರ್ಮಾಣಕ್ಕೇ ಕೈ ಹಾಕಿದರು. ಅನ್ನ ಬಡಿಸಿದವನು ಚಿತ್ರ ತೋರಿಸಿದನು, ಚಿತ್ರ ತೋರಿಸಿದವನು ಚಿತ್ರ ತೆಗೆದನು. ಈ ಕ್ರಮವನ್ನು ವಾಚಕರು ಗಮನದಲ್ಲಿಡಬೇಕು. ಅವರ ಕಲೆಯ ಗುಣಕ್ಕೂ ದೋಷಕ್ಕೂ ಬೇರು ಇಲ್ಲಿಯೇ ಇದೆ.

ಇತರ ದಿಗ್ದರ್ಶಕರಲ್ಲಿ ಕೆಲವರು ನಾಟಕ ಕಂಪನಿಯಿಂದ ಬಂದರು, ಕೆಲವರು ಸಾಹಿತ್ಯದಿಂದ ಬಂದರು, ಮತ್ತೆ ಕೆಲವರು ಸ್ಟುಡಿಯೋದಲ್ಲಿ ಸಹಾಯಕರಾಗಿ ದುಡಿದು ಬಂದರು. ವಿಠಲಾಚಾರ್ಯರು ಬಂದದ್ದು ತಿಕೀಟಿನ ಕಿಡಕಿಯಿಂದ. ಯಾವ ದೃಶ್ಯಕ್ಕೆ ಜನ ಚಪ್ಪಾಳೆ ತಟ್ಟುತ್ತಾರೆ, ಯಾವುದಕ್ಕೆ ಬೀಡಿ ಸೇದಲು ಎದ್ದು ಹೋಗುತ್ತಾರೆ, ಯಾವಾಗ ತಾಯಂದಿರು ಮಲಗಿದ ಮಕ್ಕಳನ್ನು ಎಬ್ಬಿಸಿ 'ನೋಡು, ನೋಡು' ಎಂದು ತೋರಿಸುತ್ತಾರೆ ಎಂಬುದನ್ನು ಡೇರೆಯ ಮಾಲಿಕನಷ್ಟು ಚೆನ್ನಾಗಿ ಬಲ್ಲವರಿಲ್ಲ. ಪಟ್ಟಣದ ಥೇಟರಿನ ಮಾಲಿಕನಿಗೆ ಲೆಕ್ಕ ಸಿಗುತ್ತದೆ. ಡೇರೆಯವನಿಗೆ ಪ್ರೇಕ್ಷಕರ ಮುಖವೇ ಸಿಗುತ್ತದೆ.

ಡೇರೆಯ ಚಿತ್ರ ಹೇಗಿರುತ್ತಿತ್ತೆಂಬುದನ್ನು ಇಂದಿನ ತರುಣರಿಗೆ ಸ್ವಲ್ಪ ವಿವರಿಸಬೇಕಾದೀತು. ನಮ್ಮ ಧಾರವಾಡದ ಸೀಮೆಯನ್ನೇ ತೆಗೆದುಕೊಳ್ಳಿರಿ. ಅಣ್ಣಿಗೇರಿ, ಕುಂದಗೋಳಗಳಿಗೆ ರೈಲು ಇದೆ. ನವಲಗುಂದಕ್ಕೂ ಕಲಘಟಗಿಗೂ ಮೋಟಾರೇ ಗತಿ. ರೀಲಿನ ಪೆಟ್ಟಿಗೆಗಳು ಹುಬ್ಬಳ್ಳಿಯನ್ನು ಮುಟ್ಟಿ, ಪಟ್ಟಣದ ಜನ ನೋಡಿ ದಣಿದ ಮೇಲೆ, ಸವೆದ ಪ್ರತಿಯಾಗಿ ಹಳ್ಳಿಯ ದಾರಿ ಹಿಡಿಯುತ್ತಿದ್ದವು. ಸುಗ್ಗಿ ಮುಗಿದು, ಹತ್ತಿ ಮಾರಿ, ಕೈಯಲ್ಲಿ ನಾಲ್ಕು ಕಾಸು ಆಡುವ ಕಾಲವೇ ಜಾತ್ರೆಯ ಕಾಲ. ಜಾತ್ರೆಯ ಕಾಲವೇ ಡೇರೆಯ ಕಾಲ. ಎಷ್ಟೋ ಡೇರೆಗಳಲ್ಲಿ ಇದ್ದದ್ದು ಒಂದೇ ಪ್ರೊಜೆಕ್ಟರು. ಸಾವಿರ ಅಡಿಯ ಒಂದು ಸುರುಳಿ ಹನ್ನೊಂದು ನಿಮಿಷ ಓಡುತ್ತದೆ. ಸುರುಳಿ ಮುಗಿದಾಗಲೆಲ್ಲ ದೀಪ ಹತ್ತಿಸಿ, ಹೊಸ ಸುರುಳಿ ಏರಿಸಿ, ಮತ್ತೆ ಕತ್ತಲು ಮಾಡಬೇಕು. ಹೀಗೆ ಮತ್ತೆ ಮತ್ತೆ ಕಡಿದುಹೋಗುವ ಕಥೆಯಲ್ಲಿ ಜನರ ಮನಸ್ಸು ನಿಲ್ಲಿಸುವದು ಸಣ್ಣ ವಿದ್ಯೆಯಾಗಿರಲಿಲ್ಲ. ವಿಠಲಾಚಾರ್ಯರ ಚಿತ್ರಗಳಲ್ಲಿ ಹತ್ತು ನಿಮಿಷ ಕಳೆಯುವಷ್ಟರಲ್ಲಿ ಏನಾದರೊಂದು ಅದ್ಭುತ ನಡೆದೇ ತೀರುತ್ತದೆ : ಒಬ್ಬ ಮನುಷ್ಯ ಮಾಯವಾಗುತ್ತಾನೆ, ಒಂದು ವಿಗ್ರಹ ಮಾತಾಡುತ್ತದೆ, ಒಂದು ಕತ್ತಿ ತಾನಾಗಿ ಹಾರಿ ಬರುತ್ತದೆ. ಪಂಡಿತರು ಇದನ್ನು ಕಥೆಯ ದೌರ್ಬಲ್ಯವೆಂದು ತಿಳಿದರು. ಡೇರೆಯ ಗತಿಯನ್ನು ಬಲ್ಲವನ ಲಯಜ್ಞಾನವಿದೆಂದು ನನಗೆ ತೋರುತ್ತದೆ.

ಮಹಾತ್ಮ ಪಿಕ್ಚರ್ಸ್ 1949ರಲ್ಲಿ 'ನಾಗಕನ್ನಿಕಾ'ವನ್ನು ಹೊರತಂದಿತು. ಕನ್ನಡದ ಮೊದಲ ಬೋಲಪಟ 'ಸತಿ ಸುಲೋಚನಾ' ಬಂದು ಆಗ ಹದಿನೈದು ವರ್ಷವಾಗಿತ್ತಷ್ಟೆ. ಕನ್ನಡ ಚಿತ್ರಗಳು ವರ್ಷಕ್ಕೆ ಬೆರಳೆಣಿಕೆಯಷ್ಟು ಬರುತ್ತಿದ್ದವು. ಹಾಕಿದ ಹಣ ತಿರುಗಿ ಬರುವದೆಂಬ ಭರವಸೆ ಯಾರಿಗೂ ಇರಲಿಲ್ಲ. ಅಂಥ ದಿನಗಳಲ್ಲಿ, 1951ರಲ್ಲಿ, ಶಂಕರಸಿಂಗರ ದಿಗ್ದರ್ಶನದಲ್ಲಿ 'ಜಗನ್ಮೋಹಿನಿ' ಬಂದಿತು. ಪ್ರತಿಮಾದೇವಿ, ಹರಿಣಿಯವರು ನಟಿಸಿದ ಈ ಚಿತ್ರ ಒಂದೇ ಥೇಟರಿನಲ್ಲಿ ನೂರು ದಿನ ಓಡಿದ ಮೊದಲ ಕನ್ನಡ ಚಿತ್ರವೆಂದು ಚಿತ್ರರಂಗದವರು ಇಂದಿಗೂ ಎಣಿಸುತ್ತಾರೆ. ಕನ್ನಡದಲ್ಲಿ ಚಿತ್ರ ತೆಗೆದರೆ ಹೊಟ್ಟೆ ತುಂಬುತ್ತದೆ ಎಂಬ ಧೈರ್ಯವನ್ನು ಕೊಟ್ಟದ್ದು ಸಂಸ್ಕೃತ ನಾಟಕದ ಆಧಾರದ ಚಿತ್ರವೂ ಅಲ್ಲ, ಕಾದಂಬರಿಯ ಆಧಾರದ ಚಿತ್ರವೂ ಅಲ್ಲ. ಒಂದು ಮೋಹಿನಿಯ ಕಥೆ. ನಮ್ಮ ಚಿತ್ರರಂಗದ ಅಡಿಗಲ್ಲುಗಳಲ್ಲಿ ಒಂದರ ಮೇಲೆ ದೆವ್ವದ ಹೆಜ್ಜೆಯ ಗುರುತಿದೆಯೆಂದು ಒಪ್ಪಿಕೊಳ್ಳಲು ನಾವು ನಾಚಬೇಕಾಗಿಲ್ಲ.

ಮರುವರ್ಷ 'ಶ್ರೀನಿವಾಸ ಕಲ್ಯಾಣ'ದಿಂದ ವಿಠಲಾಚಾರ್ಯರು ತಾವೇ ದಿಗ್ದರ್ಶಕರಾದರು. ಪಾಲುದಾರಿಕೆ ಮುರಿದು 1953ರಲ್ಲಿ ವಿಠಲ್ ಪ್ರೊಡಕ್ಷನ್ಸ್ ಎಂಬ ಸ್ವಂತ ಸಂಸ್ಥೆ ಹುಟ್ಟಿತು. 1954ರ 'ರಾಜ್ಯಲಕ್ಷ್ಮಿ', ಅದರ ಬೆನ್ನಿಗೆ 'ಕನ್ಯಾದಾನ', 1956ರ 'ಮುತ್ತೈದೆ ಭಾಗ್ಯ', 1958ರ 'ಮನೆ ತುಂಬಿದ ಹೆಣ್ಣು' : ಹೆಸರುಗಳೇ ಹೇಳುವಂತೆ ಇವುಗಳಲ್ಲಿ ಹಲವು ಅರಮನೆ, ಗುಹೆಗಳನ್ನು ಬಿಟ್ಟು ಮನೆಯೊಳಗಿನ ಹೆಣ್ಣಿನ ಬಾಳನ್ನು ಹಿಡಿದವು. ಮಾಯಾಜಾಲದ ಮನುಷ್ಯನೆಂದು ನಾವು ಮುದ್ರೆಯೊತ್ತಿದವನು ತನ್ನ ಕಲಿಕೆಯ ದಿನಗಳಲ್ಲಿ ಸಂಸಾರದ ಕಥೆಗಳನ್ನೂ ತಿದ್ದಿದ್ದನು. ಈ ಮಾತು ಮುಂದೆ ನೆನಪಿಗೆ ಬೇಕಾಗುತ್ತದೆ.

ಅಷ್ಟರಲ್ಲಿ ಅವರು ಮದ್ರಾಸಿಗೆ ಹೋಗಿದ್ದರು. ದಕ್ಷಿಣದ ನಾಲ್ಕೂ ಭಾಷೆಗಳ ಚಿತ್ರಗಳು ಅಲ್ಲಿಯೇ ಹುಟ್ಟುತ್ತಿದ್ದವು. ಸ್ಟುಡಿಯೋ, ಲ್ಯಾಬೊರೇಟರಿ, ಕಸುಬುದಾರರು ಎಲ್ಲ ಅಲ್ಲಿಯೇ ಇದ್ದರು. 1959ರ 'ಜಯವಿಜಯ'ದಿಂದ ಅವರ ತೆಲುಗಿನ ಜಾನಪದ ಪರ್ವ ಹಿಗ್ಗತೊಡಗಿತು. 'ಕನಕದುರ್ಗ ಪೂಜಾ ಮಹಿಮ', 'ಮದನಕಾಮರಾಜು ಕಥ', 'ಬಂದಿಪೋಟು', 'ಅಗ್ಗಿ ಪಿಡುಗು', 'ಮಂಗಮ್ಮ ಶಪಥಂ', 'ಜ್ವಾಲಾದ್ವೀಪ ರಹಸ್ಯಂ', 'ಗಂಡಿಕೋಟ ರಹಸ್ಯಂ', 'ಲಕ್ಷ್ಮೀ ಕಟಾಕ್ಷಂ', 'ಆಲಿಬಾಬಾ 40 ದೊಂಗಲು' : 1960ರಿಂದ 1970ರವರೆಗಿನ ಈ ಪಟ್ಟಿ ಪೂರ್ಣವೂ ಅಲ್ಲ. ಎನ್. ಟಿ. ರಾಮರಾವ್ ಅವರಂಥ ಮಹಾನಟ ಇವುಗಳಲ್ಲಿ ಹಲವಕ್ಕೆ ನಾಯಕನಾದನು; ಉಳಿದವುಗಳಲ್ಲಿ ಕತ್ತಿವರಸೆಯಿಂದಲೇ 'ಕತ್ತಿ' ಎಂಬ ಬಿರುದು ಪಡೆದ ಕಾಂತಾರಾವ್ ಮೆರೆದನು. 1978ರಲ್ಲಿ, ಮೈಸೂರಿನ ಆ ಹಳೆಯ ಚಿತ್ರದ ಹೆಸರನ್ನೇ ಎತ್ತಿಕೊಂಡು, ತೆಲುಗಿನಲ್ಲಿ 'ಜಗನ್ಮೋಹಿನಿ'ಯನ್ನು ತೆಗೆದರು. ಜಯಮಾಲಿನಿ ಮೋಹಿನಿಯಾದ ಆ ಚಿತ್ರ ದೊಡ್ಡ ಗೆಲವನ್ನು ಪಡೆಯಿತು. ಮುಂದಿನ ಹತ್ತು ವರ್ಷ ಅದೇ ಬಗೆಯ ಚಿತ್ರಗಳನ್ನು ತೆಗೆಯುತ್ತಲೇ ಇದ್ದು, 1999ರಲ್ಲಿ ಅವರು ತೀರಿಕೊಂಡರು.

ಅವರ ಚಿತ್ರಗಳು ಅಗ್ಗದವು ಎಂಬುದು ಎಲ್ಲರೂ ಹೇಳುವ ಮಾತು. ಹಾಗಾದರೆ ಅಗ್ಗವೆಂದರೇನು? ಹೋಲಿಕೆಗೆ ವಿಜಯಾ ಸಂಸ್ಥೆಯ 'ಪಾತಾಳ ಭೈರವಿ'ಯನ್ನೂ (1951) 'ಮಾಯಾಬಜಾರ'ವನ್ನೂ (1957) ನೋಡಬೇಕು. ಕೆ. ವಿ. ರೆಡ್ಡಿಯವರಿಗೆ ಸ್ವಂತ ಸ್ಟುಡಿಯೋದ ಬಲವಿತ್ತು, ಮಾರ್ಕಸ್ ಬಾರ್ಟ್ಲಿಯಂಥ ಛಾಯಾಗ್ರಾಹಕನಿದ್ದನು, ಒಂದು ದೃಶ್ಯಕ್ಕೆ ಬೇಕಾದಷ್ಟು ದಿನ ಕಾಯುವ ಸಾಮರ್ಥ್ಯವಿತ್ತು. ವಿಠಲಾಚಾರ್ಯರಿಗೆ ಇದ್ದದ್ದು ಲೆಕ್ಕ. ಒಂದು ಚಿತ್ರದ ಸಿಂಹಾಸನ ಮುಂದಿನ ಚಿತ್ರದ ಮಂತ್ರವಾದಿಗೆ ಪೀಠವಾಗುತ್ತದೆ. ಅದೇ ಕಂಬಗಳಿಗೆ ಬೇರೆ ಬಣ್ಣ ಬಳಿದರೆ ಅರಮನೆ ಗುಡಿಯಾಗುತ್ತದೆ. ಗುಹೆಯಂತೂ ಎಲ್ಲ ಚಿತ್ರಗಳಿಗೂ ಸಲ್ಲುತ್ತದೆ. ಗೊತ್ತುಮಾಡಿದ ದಿನಕ್ಕೆ ಆರಂಭ, ಗೊತ್ತುಮಾಡಿದ ದಿನಕ್ಕೆ ಮುಕ್ತಾಯ. ಚಿತ್ರರಂಗದಲ್ಲಿ ಅವರ ಬಗ್ಗೆ ಒಂದು ಕಥೆ ಬಹಳ ಪ್ರಚಾರದಲ್ಲಿದೆ : ಯಾವನಾದರೂ ನಟ ಹೇಳಿದ ದಿನ ಬರದೆ ಸತಾಯಿಸಿದರೆ, ಆಚಾರ್ಯರು ಕಥೆಯಲ್ಲಿ ಅವನಿಗೆ ಶಾಪ ಕೊಡಿಸಿ ಗಿಳಿಯನ್ನೋ ಆಡನ್ನೋ ಮಾಡಿಬಿಡುತ್ತಿದ್ದರಂತೆ, ಉಳಿದ ಚಿತ್ರಣ ಗಿಳಿಯೊಡನೆ ಸಾಗುತ್ತಿತ್ತಂತೆ. ಕಥೆ ನಿಜವಿರಲಿ ಬಿಡಲಿ, ಅದರೊಳಗಿನ ತಿಳಿವಳಿಕೆ ನಿಜವಾದದ್ದು. ಮಾಯೆಯ ಜಗತ್ತಿನಲ್ಲಿ ಅಡಚಣೆಯೂ ಕಥೆಯಾಗುತ್ತದೆ. ಹಣವಿಲ್ಲದ ಕಲಾವಿದನಿಗೆ ಜಾನಪದ ಕಥೆ ಒಲಿದದ್ದು ಇದೇ ಕಾರಣಕ್ಕೆ.

ಇನ್ನು ಅವರ ಕಣ್ಕಟ್ಟಿನ ಕಸುಬು. ಇಲ್ಲಿ ಬಳಕೆಯಾದ ಉಪಾಯಗಳು ಚಿತ್ರಪಟದಷ್ಟೇ ಹಳೆಯವು. ಕ್ಯಾಮರಾ ನಿಲ್ಲಿಸಿ, ಮನುಷ್ಯನನ್ನು ಸರಿಸಿ, ಮತ್ತೆ ಓಡಿಸಿದರೆ ಅವನು ಮಾಯವಾಗುತ್ತಾನೆ. ಫ್ರಾನ್ಸಿನ ಮೆಲಿಯೇ ಹತ್ತೊಂಬತ್ತನೆಯ ಶತಮಾನದ ಕೊನೆಗೇ ಇದನ್ನು ಮಾಡಿ ತೋರಿಸಿದ್ದನು. ಚೌಕಟ್ಟಿನ ಅರ್ಧವನ್ನು ಮುಚ್ಚಿ ಚಿತ್ರಿಸಿ, ಫಿಲ್ಮನ್ನು ಹಿಂದಕ್ಕೆ ಸುತ್ತಿ, ಇನ್ನರ್ಧವನ್ನು ತೆರೆದು ಚಿತ್ರಿಸಿದರೆ ಒಬ್ಬನೇ ನಟ ಇಬ್ಬರಾಗಿ ಎದುರುಬದುರು ನಿಲ್ಲುತ್ತಾನೆ. ಕಪ್ಪು ಪರದೆಯ ಮುಂದೆ ಕಪ್ಪು ಬಟ್ಟೆ ಹೊದ್ದವನು ಕತ್ತಿ ಹಿಡಿದರೆ ಕತ್ತಿಯೊಂದೇ ಗಾಳಿಯಲ್ಲಿ ತೇಲುತ್ತದೆ. ಗೋಡೆಯಿಂದ ಕೆಳಗೆ ಹಾರಿದ್ದನ್ನು ತಿರುಗಾಮುರುಗಾ ಓಡಿಸಿದರೆ ವೀರನು ನೆಲದಿಂದ ಕೋಟೆಗೆ ಚಿಮ್ಮುತ್ತಾನೆ. ದಾದಾಸಾಹೇಬ ಫಾಳಕೆಯವರು 1917ರ 'ಲಂಕಾದಹನ'ದಿಂದ ನಮ್ಮ ಜನಕ್ಕೆ ಇಂಥ ರುಚಿಯನ್ನು ಹಚ್ಚಿದ್ದರು. ಮುಂಬಯಿಯಲ್ಲಿ ಬಾಬೂಭಾಯಿ ಮಿಸ್ತ್ರಿ ಅದನ್ನೇ ಜೀವನದ ಕಸುಬಾಗಿ ಮಾಡಿಕೊಂಡಿದ್ದರು. ಹೊಸ ಯಂತ್ರವನ್ನೇನೂ ವಿಠಲಾಚಾರ್ಯರು ಕಂಡುಹಿಡಿಯಲಿಲ್ಲ. ಹಳೆಯ ಉಪಾಯಕ್ಕೆ ಹೊಸ ಸಂದರ್ಭವನ್ನು ಹುಡುಕಿದರು. ಅವರ ಪ್ರತಿಭೆ ಇದ್ದದ್ದು ಅಲ್ಲಿ.

ಒಂದು ಉದಾಹರಣೆ ಸಾಕು. 1978ರ 'ಜಗನ್ಮೋಹಿನಿ'ಯಲ್ಲಿ ಸಂಸಾರದ ಮನೆ ಹೊಕ್ಕ ಮೋಹಿನಿ ಅಡಿಗೆಗೆ ಕೂಡ್ರುತ್ತಾಳೆ. ಒಲೆಗೆ ಕಟ್ಟಿಗೆಯ ಬದಲು ತನ್ನ ಕಾಲುಗಳನ್ನೇ ಚಾಚುತ್ತಾಳೆ. ಕಾಲು ಉರಿಯುತ್ತದೆ, ಅಡಿಗೆ ಬೇಯುತ್ತದೆ. ಚಿತ್ರವನ್ನು ನೋಡದವರಿಗೂ ಈ ದೃಶ್ಯ ಗೊತ್ತು. ಬಾಯಿಂದ ಬಾಯಿಗೆ ಹಬ್ಬಿ ಅದು ಈಗಾಗಲೇ ಅಜ್ಜಿಯ ಕಥೆಯಾಗಿದೆ. ತಂತ್ರದ ದೃಷ್ಟಿಯಿಂದ ನೋಡಿದರೆ ಇದರಲ್ಲಿ ದೊಡ್ಡದೇನೂ ಇಲ್ಲ. ಆದರೆ ಭಯವನ್ನು ಅವರು ಎಲ್ಲಿಂದ ಎತ್ತಿದರು ನೋಡಿರಿ. ಸ್ಮಶಾನ ಬೇಡವಾಯಿತು, ಹಾಳುಗುಡಿ ಬೇಡವಾಯಿತು. ದಿನಾಲು ಬೆಳಗಾದರೆ ಹೆಂಗಸು ಯಾವುದರ ಮುಂದೆ ಕೂಡುತ್ತಾಳೋ ಆ ಒಲೆಯಿಂದಲೇ ಎತ್ತಿದರು. ಹಸಿ ಕಟ್ಟಿಗೆಯ ಹೊಗೆಗೆ ಕಣ್ಣು ಕೆಂಪಾಗಿಸಿಕೊಂಡು ಊದುಗೊಳವೆ ಹಿಡಿದ ಹಳ್ಳಿಯ ಹೆಂಗಸು ಈ ದೃಶ್ಯಕ್ಕೆ ಮೊದಲು ನಕ್ಕಾಳು, ಆಮೇಲೆ ಬೆಚ್ಚಿಯಾಳು. ತನ್ನ ಮೈಯನ್ನೇ ಸುಟ್ಟು ಮನೆಮಂದಿಗೆ ಅಡಿಗೆ ಮಾಡುವ ಹೆಣ್ಣು ದೆವ್ವವೋ ಮನುಷ್ಯಳೋ ಎಂದು ಒಂದು ಕ್ಷಣ ಯೋಚಿಸಿಯಾಳು. 'ಮುತ್ತೈದೆ ಭಾಗ್ಯ', 'ಮನೆ ತುಂಬಿದ ಹೆಣ್ಣು'ಗಳನ್ನು ತಿದ್ದಿದ ಕೈಯೇ ಈ ದೃಶ್ಯವನ್ನೂ ರಚಿಸಿತೆಂಬುದನ್ನು ನೆನೆದರೆ, ಇದು ಆಕಸ್ಮಿಕವೆಂದು ಹೇಳಲು ಮನಸ್ಸು ಒಪ್ಪುವದಿಲ್ಲ. ದಿಗ್ದರ್ಶಕರು ಇಷ್ಟನ್ನೆಲ್ಲ ಆಲೋಚಿಸಿದ್ದರೋ ಇಲ್ಲವೋ, ದೃಶ್ಯವಂತೂ ಅದನ್ನು ಹೇಳುತ್ತದೆ.

ಇಂಥ ಚಿತ್ರಗಳ ರುಚಿ ನಮ್ಮ ಸೀಮೆಯ ಜನಕ್ಕೆ ಹೊಸದಾಗಿ ಹತ್ತಿದ್ದೂ ಅಲ್ಲ. ದೊಡ್ಡಾಟವನ್ನು ಕಂಡವರಿಗೆ ಇದು ಗೊತ್ತು. ಬೆಳಗಿನ ತನಕ ನಡೆಯುವ ಆಟದಲ್ಲಿ ಕಿರೀಟ, ಭುಜಕೀರ್ತಿಗಳ ಭಾರ ಹೊತ್ತ ವೀರನು ಮಟ್ಟಿನ ಮೇಲೆ ಕುಣಿದು ಕುಪ್ಪಳಿಸಿ ಯುದ್ಧ ಮಾಡುತ್ತಾನೆ, ಎದುರಾಳಿ ಕತ್ತಿ ತಾಗುವ ಮೊದಲೇ ಬೀಳುತ್ತಾನೆ, ಯಾರೂ ಆಕ್ಷೇಪಿಸುವದಿಲ್ಲ. ನೋಡುವವರಿಗೆ ಬೇಕಾದದ್ದು ಯುದ್ಧದ ನಿಜವಲ್ಲ, ಯುದ್ಧದ ಉತ್ಸಾಹ. ಕಲಘಟಗಿಯ ತೊಟ್ಟಿಲನ್ನೂ ನೋಡಬಹುದು. ಅರಗಿನ ಬಣ್ಣದಲ್ಲಿ ಅದರ ಮೇಲೆ ಕೃಷ್ಣನ ಬಾಲಲೀಲೆಯನ್ನೂ ರಾಮಾಯಣವನ್ನೂ ಬರೆಯುವ ಚಿತ್ರಗಾರನು ನೆರಳು ಬೆಳಕಿನ ಸೂಕ್ಷ್ಮಕ್ಕೆ ಹೋಗುವದಿಲ್ಲ; ಕೆಂಪು ಕೆಂಪಾಗಿಯೇ, ಹಳದಿ ಹಳದಿಯಾಗಿಯೇ ನಿಲ್ಲುತ್ತದೆ; ರಾಜನ ಮೀಸೆ ದೂರದಿಂದಲೇ ಕಾಣುತ್ತದೆ. ಆ ತೊಟ್ಟಿಲನ್ನು ನಾವು ಪ್ರದರ್ಶನದಲ್ಲಿಟ್ಟು ಕೊಂಡಾಡುತ್ತೇವೆ. ಅದೇ ಗುಣ ಬೆಳ್ಳಿತೆರೆಯ ಮೇಲೆ ಬಂದರೆ ಒರಟೆಂದು ಮೂಗು ಮುರಿಯುತ್ತೇವೆ. ಎರಡಕ್ಕೂ ಒಂದೇ ಅಳತೆಗೋಲನ್ನು ಹಿಡಿಯುವದು ವಿಮರ್ಶೆಯ ಮೊದಲ ಧರ್ಮ.

ಮೇಲಿನ ಕಲೆ, ಕೆಳಗಿನ ಕಲೆ ಎಂಬ ಗೋಡೆ ನಾವು ತಿಳಿದಷ್ಟು ಹಳೆಯದೂ ಅಲ್ಲ, ಗಟ್ಟಿಯಾದದ್ದೂ ಅಲ್ಲ. ಕುಂದಗೋಳದ ಸವಾಯಿ ಗಂಧರ್ವರನ್ನು (1886-1952) ಇಂದು ನಾವು ಕಿರಾಣಾ ಘರಾಣೆಯ ಆಚಾರ್ಯರೆಂದು, ಗಂಗೂಬಾಯಿ ಹಾನಗಲ್ಲ, ಭೀಮಸೇನ ಜೋಶಿಯವರ ಗುರುಗಳೆಂದು ನಮಸ್ಕರಿಸುತ್ತೇವೆ. ಅದೇ ಸವಾಯಿ ಗಂಧರ್ವರು ಮರಾಠೀ ನಾಟಕ ಕಂಪನಿಯಲ್ಲಿ ಸೀರೆಯುಟ್ಟು ಸ್ತ್ರೀಪಾತ್ರ ಮಾಡಿ, ತಿಕೀಟು ಕೊಂಡು ಬಂದ ಸಾಮಾನ್ಯ ಜನರ ಮುಂದೆ ಹಾಡಿದವರು. ಕಂಪನಿಯ ಪೆಟ್ರೋಮ್ಯಾಕ್ಸ್ ದೀಪದ ಕೆಳಗೆ ಶಾಸ್ತ್ರೀಯ ಸಂಗೀತ ಮೈಲಿಗೆಯಾಗಲಿಲ್ಲ. ಸಂಗೀತದ ಮಟ್ಟಿಗೆ ಈ ಔದಾರ್ಯವನ್ನು ತೋರಿದ ನಾವು ಚಿತ್ರಪಟದ ಮಟ್ಟಿಗೆ ಮಾತ್ರ ಏಕೆ ಕೃಪಣರಾಗಬೇಕು?

ಈಗ ಕತ್ತಿವರಸೆಯ ಮಾತು. ಮಾಯಾಜಾಲದಷ್ಟೇ ಜನ ಈ ಚಿತ್ರಗಳಿಗೆ ಬರುತ್ತಿದ್ದದ್ದು ಹೊಡೆದಾಟಕ್ಕೆ. 1935ರಲ್ಲಿ ಹೋಮಿ ವಾಡಿಯಾ ಅವರ 'ಹಂಟರವಾಲಿ' ಬಂದಂದಿನಿಂದ ಮುಂಬಯಿ ಇಲಾಖೆಯ ಊರೂರಿನಲ್ಲಿ ಸ್ಟಂಟ್ ಚಿತ್ರವೆಂದರೆ ಪ್ರಾಣ ಬಿಡುವ ಜನರಿದ್ದರು. ಧಾರವಾಡ ಜಿಲ್ಲೆಯೂ ಆಗ ಅದೇ ಇಲಾಖೆಯಲ್ಲಿತ್ತು. ಆ ಚಿತ್ರಗಳಲ್ಲಿ ಚಾವಟಿ ಬೀಸುವ ನಾಯಕಿಯ ಹೆಸರು, ಕುದುರೆ ಏರುವ ನಾಯಕನ ಹೆಸರು ಎಲ್ಲರಿಗೂ ಗೊತ್ತು. ಕುದುರೆಯಿಂದ ಬಿದ್ದವನ ಹೆಸರು ಯಾರಿಗೂ ಗೊತ್ತಿಲ್ಲ. ಅವನಿಗೆ 'ಡೂಪ್' ಎಂಬ ಒಂದೇ ಹೆಸರು. ಮುಖ ಕಾಣದಂತೆ ಬೀಳುವದೇ ಅವನ ಕಸುಬಿನ ಜಾಣ್ಮೆ. ಜಾಣ್ಮೆ ಹೆಚ್ಚಿದಷ್ಟೂ ಅವನು ಅಜ್ಞಾತನಾಗುತ್ತಾನೆ.

ಈ ಅಜ್ಞಾತವಾಸವನ್ನು ಮುರಿದು ಬಂದವರು ಕೆಲವರೇ. ಮೈಸೂರಿನ ಗರಡಿಯಲ್ಲಿ ಪೈಲವಾನನಾಗಿ ಬೆಳೆದ ಎಂ. ಪಿ. ಶಂಕರ್ ತಮ್ಮ ದೇಹವನ್ನೇ ಬಂಡವಾಳ ಮಾಡಿಕೊಂಡು ಚಿತ್ರರಂಗಕ್ಕೆ ಬಂದರು, ನಟರಾದರು, ನಿರ್ಮಾಪಕರಾದರು. ಡಾ. ರಾಜಕುಮಾರ ನಟಿಸಿದ 'ಗಂಧದ ಗುಡಿ'ಯನ್ನು (1973) ನಿರ್ಮಿಸಿದವರು ಅವರೇ. ಕಾಡನ್ನು ಕಾಯುವ ವಿಷಯದ ಮೇಲೆ ಕನ್ನಡದಲ್ಲಿ ಬಂದ ಆ ಜನಪ್ರಿಯ ಚಿತ್ರದ ಹಿಂದೆ ಒಬ್ಬ ಕುಸ್ತಿಪಟುವಿನ ಛಲವಿತ್ತು. ಡೇರೆಯಿಂದ ಬಂದ ವಿಠಲಾಚಾರ್ಯ, ಗರಡಿಯಿಂದ ಬಂದ ಶಂಕರ್, ಇಬ್ಬರೂ ಸಾಹಿತ್ಯದ ಹೆಬ್ಬಾಗಿಲನ್ನು ಬಿಟ್ಟು ಹಿತ್ತಿಲ ಬಾಗಿಲಿನಿಂದ ಒಳಗೆ ಬಂದವರು. ಆದರೆ ಬಂದು ಮನೆಯನ್ನು ದೊಡ್ಡದು ಮಾಡಿದರು.

ವಿಠಲಾಚಾರ್ಯರ ಹೊಡೆದಾಟದಲ್ಲಿ ಕಣ್ಕಟ್ಟಿನ ಪಾಲು ದೊಡ್ಡದು. ಸೆಕೆಂಡಿಗೆ ಇಪ್ಪತ್ನಾಲ್ಕು ಚೌಕಟ್ಟುಗಳ ಬದಲು ಹದಿನೆಂಟನ್ನೋ ಹದಿನಾರನ್ನೋ ಚಿತ್ರಿಸಿ ಎಂದಿನ ವೇಗದಲ್ಲಿ ತೋರಿಸಿದರೆ ನಿಧಾನದ ಕತ್ತಿವರಸೆ ಮಿಂಚಾಗುತ್ತದೆ. ಹುಲಿಯ ಮೇಲೆ ಹಾರಿದವನೂ ಹಾರಿದ ಹುಲಿಯೂ ಬೇರೆ ಬೇರೆ ತುಣುಕುಗಳಲ್ಲಿದ್ದು, ಕತ್ತರಿಯೇ ಅವರಿಬ್ಬರನ್ನು ಕಾದಾಡಿಸಬಲ್ಲದು. ಇದನ್ನು ನೋಡಿ 'ಎಲ್ಲ ಸುಳ್ಳು' ಎಂದು ನಗುವವರಿದ್ದಾರೆ. ಅವರಿಗೆ ನಾನು ಒಂದು ದಿನಾಂಕವನ್ನು ನೆನಪಿಸಲಿಚ್ಛಿಸುತ್ತೇನೆ. 2016ರ ನವೆಂಬರ 7ರಂದು ಬೆಂಗಳೂರಿನ ಬಳಿಯ ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ 'ಮಾಸ್ತಿ ಗುಡಿ' ಚಿತ್ರಕ್ಕಾಗಿ ಹೆಲಿಕಾಪ್ಟರಿನಿಂದ ನೀರಿಗೆ ಹಾರಿದ ಅನಿಲ ಮತ್ತು ಉದಯ ಎಂಬ ಇಬ್ಬರು ತರುಣ ನಟರು ಮುಳುಗಿ ತೀರಿಕೊಂಡರು. ಪ್ರೇಕ್ಷಕನಿಗೆ 'ನಿಜ'ವನ್ನು ತೋರಿಸಬೇಕೆಂಬ ಹಟಕ್ಕೆ ಕೊಡಬೇಕಾಗಿ ಬಂದ ಬೆಲೆ ಅದು. ಕತ್ತರಿ ಮತ್ತು ಕಪ್ಪು ಬಟ್ಟೆಯಿಂದ ಅಪಾಯವನ್ನು ಹುಟ್ಟಿಸುವ ಕಲೆಯಲ್ಲಿ ಅಪಾಯವು ಫಿಲ್ಮಿನ ಮೇಲೆ ನಡೆಯುತ್ತದೆ. ಮನುಷ್ಯನು ಸಂಜೆ ಮನೆಗೆ ಹೋಗುತ್ತಾನೆ. ನಾವು ಸುಳ್ಳೆಂದು ಕರೆದ ಕಸುಬಿನಲ್ಲಿ ಒಂದು ದಯೆಯೂ ಇತ್ತು. ಆ ದಯೆಗೆ ಕಲೆಯ ಲೆಕ್ಕದಲ್ಲಿ ಒಂದು ಅಂಕವನ್ನಾದರೂ ಕೊಡುವದು ನ್ಯಾಯ.

ಗುಣ ಹೇಳಿದ ಮೇಲೆ ದೋಷಗಳನ್ನೂ ಹೇಳಬೇಕು. ಇಲ್ಲದಿದ್ದರೆ ವಿಮರ್ಶೆ ಹೊಗಳುಭಟ್ಟತನವಾದೀತು. ಮೊದಲನೆಯ ದೋಷ ಪುನರುಕ್ತಿ. ನವಲಗುಂದದ ಜಮಖಾನೆಯಲ್ಲಿ ನವಿಲು, ಹೂವು, ಚೌಕಗಳು ಪೀಳಿಗೆಯಿಂದ ಪೀಳಿಗೆಗೆ ಮರಳಿ ಬರುತ್ತವೆ. ಆದರೆ ಒಳ್ಳೆಯ ನೇಯ್ಗೆಯವಳು ಪ್ರತಿಸಲ ಬಣ್ಣಗಳ ಹೊಂದಾಣಿಕೆಯಲ್ಲಿ ಏನಾದರೂ ಹೊಸದನ್ನು ತರುತ್ತಾಳೆ. 1960ರ ದಶಕದ ವಿಠಲಾಚಾರ್ಯರಲ್ಲಿ ಈ ಹೊಸತನವಿದೆ. 'ಅಗ್ಗಿ ಪಿಡುಗು'ವಿನಲ್ಲಿ ಡ್ಯೂಮಾನ ಅವಳಿಗಳ ಕಥೆಯನ್ನು ಎತ್ತಿ, ಒಬ್ಬನಿಗೆ ಬಿದ್ದ ಪೆಟ್ಟು ಇನ್ನೊಬ್ಬನಿಗೆ ನೋಯುವಂತೆ ಮಾಡಿ, ಇಬ್ಬಗೆಯ ಪಾತ್ರದ ಹಳೆಯ ಉಪಾಯಕ್ಕೆ ಭಾವದ ಆಧಾರವನ್ನು ಕೊಟ್ಟರು. 1978ರ ಗೆಲವಿನ ಆಮೇಲೆ ಬಂದವುಗಳಲ್ಲಿ ಅಚ್ಚು ಉಳಿಯಿತು, ಕೈ ಮಾಯವಾಯಿತು. 'ನವಮೋಹಿನಿ', 'ಮೋಹಿನಿ ಶಪಥಂ' ಎಂದು ಹೆಸರುಗಳೇ ಒಂದರ ಪ್ರತಿಧ್ವನಿ ಇನ್ನೊಂದಾದವು.

ಎರಡನೆಯ ದೋಷ ಹೆಣ್ಣಿನ ಚಿತ್ರಣದ್ದು. ಅವರ ಲೋಕದಲ್ಲಿ ಹೆಣ್ಣು ಒಂದೋ ಸಹಿಸಿ ಸಹಿಸಿ ದೇವಿಯ ಕೃಪೆ ಪಡೆಯುವ ಪತಿವ್ರತೆ, ಇಲ್ಲವೆ ಕುಣಿದು ಕೆಡಿಸುವ ಮೋಹಿನಿ. 'ಮಂಗಮ್ಮ ಶಪಥಂ' ಇದಕ್ಕೆ ಅಪವಾದವಾಗಿ ನಿಲ್ಲುತ್ತದೆ. ಸೊಕ್ಕಿನ ಅರಸನಿಗೆ ಅವನ ಮಗನ ಕೈಯಿಂದಲೇ ಪಾಠ ಕಲಿಸುವೆನೆಂದು ಪಣ ತೊಟ್ಟ ಆ ಹೆಣ್ಣು ಜಾಣೆ, ಹಟಮಾರಿ, ಯಾರ ಕೃಪೆಗೂ ಕಾಯದವಳು. ಆದರೆ ಆ ಕಥೆ ತಮಿಳಿನಲ್ಲಿ 1943ರಲ್ಲಿಯೇ ಚಿತ್ರವಾಗಿತ್ತು. ಅಂಥ ಇನ್ನೊಬ್ಬಳನ್ನು ಅವರು ತಾವಾಗಿ ಸೃಷ್ಟಿಸಲಿಲ್ಲ. ಕೊನೆಕೊನೆಗೆ ಮೋಹಿನಿಯ ಬಟ್ಟೆಯಷ್ಟೇ ಕಥೆಯೂ ಮೊಟಕಾಯಿತು. ಹೆಂಗಸರು ಮಕ್ಕಳೊಡನೆ ಬಂದು ಕೂಡ್ರುತ್ತಿದ್ದ ಚಿತ್ರಗಳಿಂದ ಹೆಂಗಸರೇ ಮೆಲ್ಲಗೆ ದೂರವಾದರೆ ತಪ್ಪು ಅವರದಲ್ಲ.

ಮೂರನೆಯದು ಇನ್ನೂ ಆಳದ್ದು. ಈ ಬಗೆಯ ಕಥೆಗಳಲ್ಲಿ ಗುಡಿಸಲಿನಲ್ಲಿ ಬೆಳೆದ ವೀರನು ಕೊನೆಗೆ ಕಳೆದುಹೋದ ರಾಜಕುಮಾರನೇ ಆಗಿರುತ್ತಾನೆ. ದುಷ್ಟ ಸೇನಾಪತಿ ಹೋದನು, ಒಳ್ಳೆಯ ರಾಜನು ಬಂದನು, ಪ್ರಜೆಗಳು ಜಯಕಾರ ಹಾಕಿದರು; ಅಲ್ಲಿಗೆ ಮುಗಿಯಿತು. ಸೆರೆಮನೆ ಕಂಡ ಸ್ವಾತಂತ್ರ್ಯ ಯೋಧನೊಬ್ಬನು ಜೀವನವಿಡೀ ಸಿಂಹಾಸನಗಳ ಕಥೆಯನ್ನೇ ಹೇಳಿದ್ದು ವಿಚಿತ್ರವೇ. ಹಾಗಿದ್ದರೂ ಮೂಢನಂಬಿಕೆಯನ್ನು ಬಿತ್ತಿದರೆಂಬ ಆರೋಪವನ್ನು ನಾನು ಒಪ್ಪಲಾರೆ. ಅವರ ಮಂತ್ರವಾದಿ ಎಷ್ಟೇ ಆರ್ಭಟಿಸಲಿ, ಕೊನೆಗೆ ಸೋಲುತ್ತಾನೆ. ಡೇರೆಯ ಪ್ರೇಕ್ಷಕನೂ ನಾವೆಣಿಸಿದಷ್ಟು ಮುಗ್ಧನಲ್ಲ. 'ಟ್ರಿಕ್ ಭಾಳ ಛಲೋ ಮಾಡ್ಯಾನ'ಎನ್ನುವವನು ಮೋಸ ಹೋದವನಲ್ಲ, ಕಸುಬನ್ನು ಮೆಚ್ಚಿದವನು.

ಕನ್ನಡವು ಇವರನ್ನು ಕಳೆದುಕೊಂಡದ್ದರ ಲೆಕ್ಕ ಇನ್ನೂ ಆಗಿಲ್ಲ. ಮದ್ರಾಸಿಗೆ ಹೋದವನಿಗೆ ದೊಡ್ಡ ಮಾರುಕಟ್ಟೆಯ ಭಾಷೆ ಅನ್ನ ಕೊಟ್ಟಿತು. ಅದರಲ್ಲಿ ಅವನ ದೋಷವಿಲ್ಲ. 1960ರ ದಶಕದಿಂದ ಡಬ್ಬಿಂಗಿನ ವಿರುದ್ಧ ಕನ್ನಡದಲ್ಲಿ ಎದ್ದ ಚಳವಳಿಗೆ ಅದರದೇ ಆದ ಬಲವಾದ ಕಾರಣಗಳಿದ್ದವು. ನಮ್ಮ ನಟರಿಗೂ ಕಸುಬುದಾರರಿಗೂ ಅದು ಕೆಲಸವನ್ನು ಉಳಿಸಿತು. ಆದರೆ ಅದರ ಒಂದು ಪರಿಣಾಮವಾಗಿ, ಉದ್ಯಾವರದ ಮನುಷ್ಯ ತೆಗೆದ ಚಿತ್ರಗಳು ಬಹುಮಟ್ಟಿಗೆ ಕನ್ನಡದ ಮಾತಿನಲ್ಲಿ ಕನ್ನಡಿಗರಿಗೆ ಕೇಳಿಸದೆ ಹೋದವು. ಅವರ ಮಾರ್ಗ ನಮ್ಮಲ್ಲಿ ಮುಂದುವರಿಯಬಹುದಿತ್ತು. ಶಂಕರಸಿಂಗ, ಪ್ರತಿಮಾದೇವಿಯರ ಮಗ ರಾಜೇಂದ್ರಸಿಂಗ ಬಾಬು 'ನಾಗರಹೊಳೆ'ಯಂಥ (1977) ಸಾಹಸ ಚಿತ್ರವನ್ನು ಕೊಟ್ಟರು. ಮಹಾತ್ಮ ಪಿಕ್ಚರ್ಸಿನ ಬೀಜ ಅಲ್ಲಿ ಬೇರೆ ರೀತಿಯಲ್ಲಿ ಮೊಳೆತಿತು. ಆದರೆ ಮಕ್ಕಳೂ ಮುದುಕರೂ ಒಟ್ಟಿಗೆ ಬಾಯಿ ತೆರೆದು ನೋಡುವ ಜಾನಪದ ಚಿತ್ರದ ಪರಂಪರೆ ಕನ್ನಡದಲ್ಲಿ ಬೇರೂರಲಿಲ್ಲ. ಕಥೆಗಳಿಗೆ ಕೊರತೆಯಿಲ್ಲದ ನಾಡಿನಲ್ಲಿ ಈ ಕೊರತೆ ಸಣ್ಣದಲ್ಲ.

ಇನ್ನೊಂದು ಮಾತು ಹೇಳಿ ಮುಗಿಸುತ್ತೇನೆ. 1934ರ 'ಸತಿ ಸುಲೋಚನಾ'ದ ಒಂದು ಪ್ರತಿಯೂ ಇಂದು ನಮ್ಮ ಕೈಯಲ್ಲಿಲ್ಲ. ಕನ್ನಡದ ಮೊದಲ ಬೋಲಪಟವನ್ನೇ ಉಳಿಸಿಕೊಳ್ಳಲಾರದವರು ನಾವು. ಪುಣೆಯಲ್ಲಿ 1964ರಲ್ಲಿ ರಾಷ್ಟ್ರೀಯ ಚಿತ್ರ ಸಂಗ್ರಹಾಲಯ ಸ್ಥಾಪನೆಯಾಗುವ ಹೊತ್ತಿಗೆ ಎಷ್ಟೋ ಸುರುಳಿಗಳು ಆಗಲೇ ಕೆಟ್ಟುಹೋಗಿದ್ದವು. ಪ್ರಶಸ್ತಿ ಪಡೆದ ಚಿತ್ರಕ್ಕೆ ಕಾಪಾಡುವವರು ಸಿಗುತ್ತಾರೆ. ಜಾತ್ರೆಯಿಂದ ಜಾತ್ರೆಗೆ ಓಡಿ ಸವೆದ ಚಿತ್ರಕ್ಕೆ ಯಾರೂ ಸಿಗುವದಿಲ್ಲ. ಹೆಚ್ಚು ಜನ ನೋಡಿದ ಚಿತ್ರವೇ ಹೆಚ್ಚು ಬೇಗ ಸಾಯುತ್ತದೆ ಎಂಬುದು ಈ ಕಲೆಯ ಕ್ರೂರ ನಿಯಮ. ಮಹಾತ್ಮ ಪಿಕ್ಚರ್ಸಿನ, ವಿಠಲ್ ಪ್ರೊಡಕ್ಷನ್ಸಿನ ಕನ್ನಡ ಚಿತ್ರಗಳಲ್ಲಿ ಯಾವುದರ ಪ್ರತಿ ಎಲ್ಲಿದೆ, ಯಾವ ಸ್ಥಿತಿಯಲ್ಲಿದೆ ಎಂಬ ಒಂದು ಪಟ್ಟಿಯನ್ನಾದರೂ ನಮ್ಮ ಅಕಾಡೆಮಿ, ವಿಶ್ವವಿದ್ಯಾಲಯಗಳು ಸಿದ್ಧಪಡಿಸಬೇಕು. ಉಳಿದವುಗಳನ್ನು ಶುದ್ಧಗೊಳಿಸಿ, ಮೊದಲು ಬೆಂಗಳೂರಿನ ಚಿತ್ರೋತ್ಸವದಲ್ಲಿ ಬೇಡ, ಅಣ್ಣಿಗೇರಿಯ, ನವಲಗುಂದದ ಬಯಲಿನಲ್ಲಿ ಪರದೆ ಕಟ್ಟಿ ತೋರಿಸಬೇಕು. ಅವುಗಳಿಗೆ ಬೆಲೆ ಕಟ್ಟುವ ಮೊದಲ ಅಧಿಕಾರ ಅಲ್ಲಿಯವರದು. ಅವರು ಎದ್ದು ಹೋದರೆ ವಿಮರ್ಶಕನು ಸುಮ್ಮನಾಗಲಿ. ಮಲಗಿದ ಮಗುವನ್ನು ಎಬ್ಬಿಸಿ ತೋರಿಸಿದರೆ, ಪಂಡಿತರು ತಮ್ಮ ಪಟ್ಟಿಯಲ್ಲಿ ಒಂದು ಹೆಸರನ್ನು ಸೇರಿಸಿಕೊಳ್ಳಲಿ.